ಜ್ಯೋತಿರಂಗ, ತೂರ್ಯಾಂಗ: ಬೆಳಗುವ ಗಿಡ, ಹಾಡುವ ಗಿಡ



ಸಾಹಿತ್ಯವನ್ನೂ ವಿಜ್ಞಾನವನ್ನೂ ಒಟ್ಟಿಗೆ ಮುಟ್ಟುವ ವಿಷಯವಾಗಿರಬೇಕು ಎಂಬುದು ಈ ದತ್ತಿ ಉಪನ್ಯಾಸದ ಕರಾರು. ಅದಕ್ಕೆ ಒಪ್ಪುವಂತೆ ನಾನು ಆರಿಸಿಕೊಂಡದ್ದು ಎಲ್ಲಿಯೂ ಬೆಳೆಯದ ಒಂದು ಗಿಡವನ್ನು. ಕತ್ತಲಾದೊಡನೆ ಅದು ಬೆಳಗುತ್ತದೆ, ಬೆಳಗುತ್ತಲೇ ಹಾಡುತ್ತದೆ. ಆಹ್ವಾನ ಪತ್ರಿಕೆ ನೋಡಿದ ಹಿರಿಯರೊಬ್ಬರು "ಇದೇನು ಮಕ್ಕಳ ಕಾರ್ಯಕ್ರಮವೇ?" ಎಂದು ಸಂಘಟಕರನ್ನು ಕೇಳಿದರಂತೆ. ಕೇಳಿದ್ದರಲ್ಲಿ ತಪ್ಪಿಲ್ಲ. ಇಂಥ ಗಿಡಗಳನ್ನು ಇವತ್ತಿನ ಮಕ್ಕಳು ಸಿನಿಮಾದಲ್ಲಿ ಕಂಡಿದ್ದಾರೆ. 2009ರ ‘ಅವತಾರ್’ ಚಿತ್ರದ ಕಾಡಿಗೆ ಕಾಡೇ ರಾತ್ರಿ ಹೊಳೆಯುತ್ತದೆ. ಆದರೆ ನಮ್ಮ ಭಾಷೆಯಲ್ಲಿ ಈ ಗಿಡಕ್ಕೆ ಸಾವಿರ ವರ್ಷ ದಾಟಿದೆ. ಮೊದಲು ಅಲ್ಲಿಗೆ ಹೋಗೋಣ, ಪ್ರಯೋಗಶಾಲೆ ಆಮೇಲೆ.

ಪಂಪ ‘ಆದಿಪುರಾಣ’ವನ್ನು ಮುಗಿಸಿದ್ದು 941ರಲ್ಲಿ. ಅವನಿಗೆ ಆಕರವಾದದ್ದು ಜಿನಸೇನಾಚಾರ್ಯರು ಒಂಬತ್ತನೆಯ ಶತಮಾನದಲ್ಲಿ ಸಂಸ್ಕೃತದಲ್ಲಿ ರಚಿಸಿದ ಪುರಾಣ. ಪಂಪನ ಕಾವ್ಯದಲ್ಲಿ ಧೂಪದ ಹೊಗೆಗೆ ಉಸಿರುಗಟ್ಟಿ ಒಟ್ಟಿಗೇ ಪ್ರಾಣಬಿಟ್ಟ ದಂಪತಿಗಳಾದ ವಜ್ರಜಂಘ, ಶ್ರೀಮತಿಯರು ಮತ್ತೆ ಹುಟ್ಟುವುದು ಭೋಗಭೂಮಿಯಲ್ಲಿ ಎಂಬುದು ಇಲ್ಲಿರುವ ಎಷ್ಟೋ ಜನ ಪಾಠ ಮಾಡಿರುವ ಭಾಗ. ಭೋಗಭೂಮಿಯಲ್ಲಿ ದುಡಿಮೆ ಎಂಬುದಿಲ್ಲ. ಹತ್ತು ಬಗೆಯ ಕಲ್ಪವೃಕ್ಷಗಳಿವೆ. ಊಟ ಒಂದು ಮರದ್ದು, ಬಟ್ಟೆ ಒಂದರದ್ದು, ಮನೆ ಇನ್ನೊಂದರದ್ದು, ಪಾತ್ರೆಪಗಡೆಗೂ ಒಂದು ಮರ. ಈ ಹತ್ತರಲ್ಲಿ ಜ್ಯೋತಿರಂಗವೂ ದೀಪಾಂಗವೂ ಬೆಳಕಿನ ಮರಗಳು, ತೂರ್ಯಾಂಗ ಸಂಗೀತದ ಮರ.

ಇಲ್ಲೊಂದು ಸೂಕ್ಷ್ಮವಿದೆ, ನನ್ನ ಮಾತೆಲ್ಲ ನಿಂತಿರುವುದು ಅದರ ಮೇಲೆ. ಜ್ಯೋತಿರಂಗ ತಾನೇ ಬೆಳಗುವ ಮರ. ಅದರ ಪ್ರಭೆ ಎಷ್ಟೆಂದರೆ ಸೂರ್ಯಚಂದ್ರರೇ ಕಣ್ಣಿಗೆ ಬೀಳುವುದಿಲ್ಲ. ತೂರ್ಯಾಂಗ ಮಾತ್ರ ತಾನಾಗಿ ಹಾಡುವುದಿಲ್ಲ. ಅದರಲ್ಲಿ ಫಲಿಸುವುದು ವಾದ್ಯಗಳು: ಪಟಹ, ಮದ್ದಳೆ, ತಾಳ, ಶಂಖ, ಕಹಳೆ. ಕಿತ್ತುಕೊಂಡು ನುಡಿಸುವವನು ಮನುಷ್ಯನೇ. ಏನು ಬೇಕಾದರೂ ಕೊಡಬಲ್ಲ ಮರವನ್ನು ಕಲ್ಪಿಸಿದವರು ಬೆಳಕನ್ನು ಮರದ ಕೈಗೆ ಕೊಟ್ಟು ಸಂಗೀತವನ್ನು ಮನುಷ್ಯನ ಕೈಯಲ್ಲೇ ಉಳಿಸಿಕೊಂಡರು. ಕಲ್ಪನೆಗೆ ಯಾವ ಖರ್ಚೂ ಇಲ್ಲದ ಕಡೆಯೂ ಹೀಗೆ ಹಿಡಿತ ಮಾಡಿದ್ದು ಆಕಸ್ಮಿಕ ಎಂದು ನಾನು ತಿಳಿದಿಲ್ಲ.

ಮುಂದಿನ ಕಥೆ ಇನ್ನೂ ಚೆನ್ನಾಗಿದೆ. ಕಾಲ ಇಳಿಯುತ್ತ ಜ್ಯೋತಿರಂಗಗಳ ಕಾಂತಿ ಕುಂದುತ್ತದೆ. ಒಂದು ಸಂಜೆ ಜನರಿಗೆ ಆಕಾಶದಲ್ಲಿ ಮೊದಲ ಸಲ ಸೂರ್ಯನೂ ಚಂದ್ರನೂ ಕಾಣಿಸುತ್ತಾರೆ. ಜನ ಹೆದರುತ್ತಾರೆ. ಜನರಿಗೆ ದಾರಿ ತೋರುವ ಕುಲಕರರಲ್ಲಿ ಮೊದಲನೆಯವನಾದ ಪ್ರತಿಶ್ರುತಿ ಅವರಿಗೆ ಧೈರ್ಯ ಹೇಳಬೇಕಾಗುತ್ತದೆ: ಇವು ಹೊಸದಾಗಿ ಬಂದವಲ್ಲ, ಮೊದಲಿನಿಂದಲೂ ಇದ್ದವು, ಮರಗಳ ಬೆಳಕಿನಲ್ಲಿ ನಿಮಗೆ ಕಂಡಿರಲಿಲ್ಲ ಅಷ್ಟೆ. ನಕ್ಷತ್ರಗಳ ಸರದಿ ಬರುವುದು ಎರಡನೆಯ ಕುಲಕರನ ಕಾಲಕ್ಕೆ. ಬೆಂಗಳೂರಿನ ಮಹಡಿಯ ಮೇಲೆ ನಿಂತು ಮೇಲೆ ನೋಡಿದವರಿಗೆ ಈ ಕಥೆಗೆ ಟೀಕೆ ಬೇಕಿಲ್ಲ. ಮರಗಳು ಕೊಡುವುದನ್ನು ನಿಲ್ಲಿಸಿದ ಮೇಲೆಯೇ ಮೊದಲ ತೀರ್ಥಂಕರ ಋಷಭದೇವ ಅಸಿ, ಮಸಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪಗಳನ್ನು ಕಲಿಸುತ್ತಾನೆ. ಬರವಣಿಗೆ, ಬೇಸಾಯ, ಕಸುಬು ಎಲ್ಲವೂ ಬೆಳಗುವ ಮರ ಆರಿದ ನಂತರದ ಸಂಗತಿಗಳು. ಕನ್ನಡದ ಆದಿಕಾವ್ಯ ಇದನ್ನು ಅಳುತ್ತಾ ಹೇಳುವುದಿಲ್ಲ ಎಂಬುದನ್ನೂ ಗಮನಿಸಿ.

ಬೆಳಕು ಗಿಡಕ್ಕೆ, ಸಂಗೀತ ಬೇರೆಯವರಿಗೆ ಎಂಬ ಇದೇ ವಿಂಗಡಣೆ ಕಾಳಿದಾಸನಲ್ಲಿಯೂ ಕಾಣುತ್ತದೆ. ‘ಕುಮಾರಸಂಭವ’ದ ಮೊದಲ ಸರ್ಗದಲ್ಲಿ ಹಿಮಾಲಯದ ವರ್ಣನೆ. ಎಂಟನೆಯ ಶ್ಲೋಕದಲ್ಲಿ ಗುಹೆಯ ಬಾಯಿಂದ ಹೊರಟ ಗಾಳಿ ಬಿದಿರಿನ ರಂಧ್ರಗಳನ್ನು ತುಂಬುತ್ತದೆ. ಹಾಡಲು ಅಣಿಯಾದ ಕಿನ್ನರರಿಗೆ ಬೆಟ್ಟವೇ ಶ್ರುತಿ ಕೊಡುತ್ತಿರುವಂತೆ ಕವಿಗೆ ತೋರುತ್ತದೆ. ಹತ್ತನೆಯ ಶ್ಲೋಕದಲ್ಲಿ ರಾತ್ರಿ ಹೊಳೆಯುವ ಮೂಲಿಕೆಗಳು ಗುಹೆಯೊಳಗಿನ ಬೇಡ ದಂಪತಿಗಳಿಗೆ ಎಣ್ಣೆ ಬೇಡದ ದೀಪಗಳಾಗುತ್ತವೆ. ‘ರಘುವಂಶ’ದ ನಾಲ್ಕನೆಯ ಸರ್ಗದಲ್ಲಿ ರಘುವಿನ ದಂಡು ಹಿಮಾಲಯ ಹತ್ತಿದಾಗಲೂ ಅಷ್ಟೆ: 73ರಲ್ಲಿ ನುಡಿಯುವ ಬಿದಿರು, 75ರಲ್ಲಿ ಬೆಳಗುವ ಮೂಲಿಕೆ. ಎರಡೂ ಕಡೆ ನಡುವೆ ಇರುವುದು ಒಂದೇ ಒಂದು ಶ್ಲೋಕ. ಇಷ್ಟು ಹತ್ತಿರ ತಂದವನು ಎರಡನ್ನೂ ಒಂದೇ ಗಿಡಕ್ಕೆ ಕಟ್ಟಬಹುದಿತ್ತು, ಕಟ್ಟಲಿಲ್ಲ. ಮೂಲಿಕೆಯ ಬೆಳಕು ಅದರದ್ದೇ. ಬಿದಿರಿನ ದನಿಗೆ ಗಾಳಿ ಬೇಕು, ಹಾಡಿಗಂತೂ ಕಿನ್ನರರೇ ಬೇಕು.

ರಾಮಾಯಣದ ಸಂಜೀವಿನಿಯ ಬೆಟ್ಟವೂ ಮೂಲಿಕೆಗಳ ಕಾಂತಿಯಿಂದ ಉರಿಯುವಂತೆ ಕಾಣುತ್ತದೆ ಎಂದು ವಾಲ್ಮೀಕಿ ಹೇಳುತ್ತಾನೆ. ಅದರ ಬಗ್ಗೆ ಬೇಕಾದಷ್ಟು ಉಪನ್ಯಾಸಗಳು ಆಗಿವೆ. ನಾನು ಮುಂದೆ ಹೋಗುತ್ತೇನೆ.

ಸಸ್ಯಶಾಸ್ತ್ರಕ್ಕೆ ಬಂದರೆ ಮೊದಲ ಮಾತು ಕಟುವಾದದ್ದು. ತಾನಾಗಿ ಬೆಳಗುವ ಒಂದೇ ಒಂದು ಹಸಿರು ಗಿಡವೂ ಪ್ರಕೃತಿಯಲ್ಲಿ ಪತ್ತೆಯಾಗಿಲ್ಲ. ಕಾಡಿನಲ್ಲಿ ಬೆಳಗುವುದು ಅಣಬೆ ಮತ್ತು ಕೊಳೆತ ಮರದೊಳಗೆ ಹಬ್ಬಿದ ಅದರ ಎಳೆಗಳು. ಪಶ್ಚಿಮ ಘಟ್ಟದಲ್ಲಿ ಮಳೆಗಾಲ ಹಿಡಿದ ಮೇಲೆ ಭೀಮಾಶಂಕರದ ಕಾಡಿನಲ್ಲೂ ಗೋವಾದ ಮಹದಾಯಿ ಕಣಿವೆಯಲ್ಲೂ ಇದನ್ನು ನೋಡಲೆಂದೇ ಜನ ಹೋಗುತ್ತಾರೆ. ನೋಡಬೇಕಾದರೆ ಟಾರ್ಚ್ ಆರಿಸಿ ಕಣ್ಣು ಕತ್ತಲೆಗೆ ಒಗ್ಗುವವರೆಗೆ ಸುಮ್ಮನೆ ನಿಲ್ಲಬೇಕು. ಮೊದಲು ಏನೂ ಇಲ್ಲ. ಆಮೇಲೆ ಬಿದ್ದ ಕೊಂಬೆಯೊಂದರ ಅಂಚು ಬೂದಿಯ ಬಣ್ಣಕ್ಕೆ ತಿರುಗುತ್ತದೆ, ನಿಧಾನಕ್ಕೆ ಹಸಿರು ಏರುತ್ತದೆ. ಮುಟ್ಟಿದರೆ ಬಿಸಿಯಿಲ್ಲ. ಮೊಬೈಲ್ ಪರದೆ ಒಮ್ಮೆ ಬೆಳಗಿತೋ, ಎಲ್ಲವನ್ನೂ ಮತ್ತೆ ಮೊದಲಿನಿಂದ ಶುರುಮಾಡಬೇಕು.

ಮೇಘಾಲಯದ್ದು ಇನ್ನೂ ಸ್ವಾರಸ್ಯ. 2020ರಲ್ಲಿ ವಿಜ್ಞಾನಕ್ಕೆ ಹೊಸದೆಂದು ದಾಖಲಾದ ‘ರೋರಿಡೊಮೈಸಿಸ್ ಫಿಲ್ಲೊಸ್ಟಾಕಿಡಿಸ್’ ಎಂಬ ಪುಟ್ಟ ಅಣಬೆ ಖಾಸಿ, ಜೈಂತಿಯಾ ಬೆಟ್ಟಗಳಲ್ಲಿ ಸಿಕ್ಕಿತು. ಅದು ಬೆಳೆಯುವುದು ಸತ್ತ ಬಿದಿರಿನ ಮೇಲೆ. ಟೋಪಿ ಬೆಳಗುವುದಿಲ್ಲ, ಕಾಂಡ ಮಾತ್ರ ಬೆಳಗುತ್ತದೆ. ಅಲ್ಲಿಯ ಜನ ಇಂಥ ಬಿದಿರಿನ ತುಂಡನ್ನು ಕೈಯಲ್ಲಿ ಹಿಡಿದು ರಾತ್ರಿ ಕಾಡಿನಲ್ಲಿ ನಡೆಯುತ್ತಿದ್ದರು. ಕಾಳಿದಾಸನ ಎರಡು ಶ್ಲೋಕಗಳೂ ಸೇರುವ ಜಾಗ ಭೂಮಿಯ ಮೇಲೆ ಎಲ್ಲಾದರೂ ಇದ್ದರೆ ಅದು ಇದೇ. ಆದರೆ ಬೆಳಗುವ ಹೊತ್ತಿಗೆ ಆ ಬಿದಿರು ಸತ್ತಿರುತ್ತದೆ.

ಅಣಬೆ ಯಾಕೆ ಬೆಳಗುತ್ತದೆ? ಬ್ರೆಜಿಲ್‌ನ ಒಂದು ಅಣಬೆಯ ಮೇಲೆ ನಡೆದ ಕೆಲಸ 2015ರಲ್ಲಿ ಪ್ರಕಟವಾಯಿತು. ಪ್ಲಾಸ್ಟಿಕ್ಕಿನ ನಕಲಿ ಅಣಬೆ ಮಾಡಿ, ಒಳಗೆ ಹಸಿರು ಎಲ್‌ಇಡಿ ಇಟ್ಟು, ಮೇಲೆ ಅಂಟು ಬಳಿದು ಕಾಡಿನಲ್ಲಿಟ್ಟರು. ಬೆಳಕಿಲ್ಲದ ನಕಲಿಗಿಂತ ಬೆಳಕಿದ್ದುದಕ್ಕೆ ಹುಳುಗಳು ಹೆಚ್ಚು ಅಂಟಿಕೊಂಡವು. ಹುಳ ಬಂದರೆ ಬೀಜಾಣು ಊರೂರು ಸುತ್ತುತ್ತದೆ. ಆ ಅಣಬೆ ಹಗಲು ಬೆಳಕನ್ನು ತಗ್ಗಿಸಿ ರಾತ್ರಿ ಏರಿಸುತ್ತದೆ ಎಂಬುದೂ ಅದೇ ಕೆಲಸದಲ್ಲಿ ಗೊತ್ತಾಯಿತು. ಕರೆಂಟು ಉಳಿಸುವುದು ನಮಗಿಂತ ಅಣಬೆಗೆ ಚೆನ್ನಾಗಿ ಬರುತ್ತದೆ.

ಹಸಿರು ಗಿಡವನ್ನು ಬೆಳಗಿಸುವ ಯತ್ನ 1986ಕ್ಕೆ ಹೋಗುತ್ತದೆ. ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯೇಗೋದಲ್ಲಿ ಮಿಂಚುಹುಳದ ವಂಶವಾಹಿಯೊಂದನ್ನು ತಂಬಾಕಿನ ಗಿಡಕ್ಕೆ ಸೇರಿಸಿದರು. ಗಿಡ ಬೆಳಗಿತು, ಆದರೆ ಲುಸಿಫೆರಿನ್ ಎಂಬ ಇಂಧನವನ್ನು ಹೊರಗಿನಿಂದ ಬೇರಿಗೆ ಉಣಿಸಬೇಕಿತ್ತು. ಎಣ್ಣೆ ಹಾಕಿದರೆ ಉರಿಯುವ ದೀಪವಾಯಿತೇ ಹೊರತು ಎಣ್ಣೆ ಬೇಡದ ದೀಪವಾಗಲಿಲ್ಲ. 2013ರಲ್ಲಿ ಇನ್ನೊಂದು ತಂಡ, ಬೀದಿದೀಪಗಳ ಬದಲು ಬೆಳಗುವ ಮರ ನೆಡುವ ದಿನ ಬರುತ್ತದೆ ಎಂಬ ಕನಸನ್ನು ಮುಂದಿಟ್ಟು ಅಂತರ್ಜಾಲದಲ್ಲಿ ಚಂದಾ ಎತ್ತಿತು. ಎಂಟು ಸಾವಿರಕ್ಕೂ ಹೆಚ್ಚು ಜನ ಸೇರಿ ಸುಮಾರು 4 ಲಕ್ಷ 84 ಸಾವಿರ ಡಾಲರ್ ಕೊಟ್ಟರು. ಬೀಜ ಕಳಿಸುತ್ತೇವೆ ಎಂದಿದ್ದರು. 2017ರ ಹೊತ್ತಿಗೆ ಯೋಜನೆ ಮುಳುಗಿತು, ಬೀಜ ಯಾರ ಮನೆಗೂ ಬರಲಿಲ್ಲ.

ಗೆದ್ದದ್ದು ಅಣಬೆಯ ದಾರಿ. ವಿಯೆಟ್ನಾಂ ಕಾಡಿನ ‘ನಿಯೊನೊಥೊಪೇನಸ್ ನಂಬಿ’ ಎಂಬ ವಿಷದ ಅಣಬೆ ತನ್ನ ಬೆಳಕಿಗೆ ಬಳಸುವ ಮೂಲವಸ್ತು ಕೆಫೆಯಿಕ್ ಆಮ್ಲ. ಹೆಸರು ಕೇಳಿ ಕಾಫಿಯ ಕೆಫೀನ್ ಎಂದುಕೊಳ್ಳಬೇಡಿ, ಅದು ಬೇರೆ. ಈ ಆಮ್ಲ ಪ್ರತಿ ಗಿಡದಲ್ಲೂ ಇರುತ್ತದೆ. ಕಾಂಡ ಗಟ್ಟಿಯಾಗಲು ಬೇಕಾದ ಲಿಗ್ನಿನ್ ತಯಾರಾಗುವ ದಾರಿಯಲ್ಲಿ ಅದು ಸಿಗುತ್ತದೆ. ಅಣಬೆಯ ಕಿಣ್ವಗಳು ಅದನ್ನು ಮೊದಲು ಹಿಸ್ಪಿಡಿನ್ ಆಗಿ, ಆಮೇಲೆ ಲುಸಿಫೆರಿನ್ ಆಗಿ ಮಾರ್ಪಡಿಸುತ್ತವೆ; ಆಮ್ಲಜನಕ ಸೇರಿದಾಗ ಹಸಿರು ಬೆಳಕು ಹೊಮ್ಮುತ್ತದೆ; ಉಳಿದ ಕರಿ ಮತ್ತೆ ಕೆಫೆಯಿಕ್ ಆಮ್ಲವಾಗಿ ಚಕ್ರಕ್ಕೆ ಮರಳುತ್ತದೆ. ಈ ವಂಶವಾಹಿಗಳನ್ನು ತಂಬಾಕಿಗೆ ಸೇರಿಸಿದ ಫಲಿತಾಂಶ 2020ರಲ್ಲಿ ಪ್ರಕಟವಾಯಿತು. ಹೊರಗಿನಿಂದ ಏನನ್ನೂ ಉಣಿಸದೆ, ಮೊಳಕೆಯಿಂದ ಮುಪ್ಪಿನವರೆಗೆ ಗಿಡ ಬೆಳಗಿತು. ಆ ಪ್ರಯೋಗದ ಒಂದು ವಿವರ ನನಗೆ ತುಂಬ ಹಿಡಿಸಿತು. ಗಿಡದ ಪಕ್ಕ ಬಾಳೆಹಣ್ಣಿನ ಸಿಪ್ಪೆ ಇಟ್ಟರೆ ಬೆಳಕು ಏರುತ್ತದೆ. ಕಾಯಿ ಹಣ್ಣಾಗಿಸುವ ಎಥಿಲೀನ್ ಅನಿಲ ಸಿಪ್ಪೆಯಿಂದ ಬಂದು ಗಿಡದೊಳಗಿನ ಕೆಲಸವನ್ನು ಚುರುಕುಗೊಳಿಸುತ್ತದೆ. ಎಳೆ ಚಿಗುರು, ಹೂವು ಹೆಚ್ಚು ಬೆಳಗುತ್ತವೆ; ಗಾಯವಾದ ಜಾಗವೂ ಬೆಳಗುತ್ತದೆ. ಗಿಡದ ಒಳಮನೆಯಲ್ಲಿ ಎಲ್ಲಿ ಏನು ನಡೆಯುತ್ತಿದೆ ಎಂಬುದು ಹೊರಗೆ ಕಾಣತೊಡಗಿತು.

ಇದರ ಮುಂದುವರಿಕೆಯೇ ‘ಫೈರ್‌ಫ್ಲೈ ಪೆಟೂನಿಯಾ’. ಅಮೆರಿಕದ ಕೃಷಿ ಇಲಾಖೆ 2023ರಲ್ಲಿ ಅದಕ್ಕೆ ಒಪ್ಪಿಗೆ ಕೊಟ್ಟಿತು; 2024ರಲ್ಲಿ ಅದು 29 ಡಾಲರಿಗೊಂದು ಸಸಿಯಂತೆ ಮಾರಾಟಕ್ಕೆ ಬಂತು. ಜ್ಯೋತಿರಂಗ ಕೊನೆಗೂ ಕುಂಡಕ್ಕೆ ಬಂತು ಎನ್ನಬೇಕೆ? ಲೆಕ್ಕ ಹಾಕಿ ನೋಡೋಣ. 2020ರ ತಂಬಾಕಿನ ಗಿಡ ನಿಮಿಷಕ್ಕೆ ಸಾವಿರ ಕೋಟಿಗೂ ಹೆಚ್ಚು ಫೋಟಾನ್ ಸೂಸುತ್ತಿತ್ತು. ಕೇಳಲು ದೊಡ್ಡದು. ಒಂದು ವಾಟ್ ಹಸಿರು ಬೆಳಕು ಚೆಲ್ಲುವ ದೀಪ ಅದರ ಸಾವಿರ ಕೋಟಿ ಪಟ್ಟಿಗೂ ಮೀರಿ ಸೂಸುತ್ತದೆ. ಪೆಟೂನಿಯಾ ಆ ತಂಬಾಕಿಗಿಂತ ಪ್ರಕಾಶಮಾನ, ಆದರೂ ಅದರ ಬೆಳಕಿನಲ್ಲಿ ಪುಸ್ತಕ ಓದಲಾಗದು. ಕತ್ತಲೆಗೆ ಕಣ್ಣು ಒಗ್ಗಿದವರಿಗೆ ಹೂವು ಕಾಣುತ್ತದೆ, ಅಷ್ಟೆ. ಹಗಲು ಎಲೆ ಗಳಿಸಿದ್ದರಲ್ಲೇ ರಾತ್ರಿಯ ಬೆಳಕಿನ ಖರ್ಚು ನಡೆಯಬೇಕು. ಗಿಡದ ಗಳಿಕೆ ಬಡ ಗಳಿಕೆ. ಬೀದಿದೀಪದ ಕನಸು ಬಿದ್ದದ್ದು ಈ ಲೆಕ್ಕದ ಮುಂದೆ.

ಈಗ ತೂರ್ಯಾಂಗದ ಕಡೆ ತಿರುಗುತ್ತೇನೆ. ಇಲ್ಲಿ ಮೋಸ ಹೆಚ್ಚು.

ಗಾಳಿಗೆ ನುಡಿಯುವ ಗಿಡಗಳು ನಿಜವಾಗಿಯೂ ಇವೆ. ಬಿದಿರು ಮೆಳೆಯ ಪಕ್ಕ ಬೇಸಿಗೆಯ ಗಾಳಿಯಲ್ಲಿ ನಿಂತವರಿಗೆ ಗೊತ್ತು, ಗಳ ಗಳಕ್ಕೆ ಉಜ್ಜಿ ನರಳುತ್ತದೆ. ಒಣಗಿದ ಗಳಕ್ಕೆ ಬಡಗಿ ದುಂಬಿ ದುಂಡಗೆ ತೂತು ಕೊರೆದು ಗೂಡು ಮಾಡುತ್ತದೆ. ಗಾಳಿ ಸರಿಯಾದ ಕೋನದಲ್ಲಿ ಹಾಯ್ದರೆ ಆ ತೂತು ಊದುತ್ತದೆ. ಪೂರ್ವ ಆಫ್ರಿಕದ ಬಯಲಿನಲ್ಲಿ ಜಾಲಿಯ ಜಾತಿಯದೊಂದು ಗಿಡವಿದೆ, ಅದರ ಮುಳ್ಳಿನ ಬುಡ ಗುಂಡಾಗಿ ಉಬ್ಬಿರುತ್ತದೆ. ಇರುವೆಗಳು ಅದನ್ನು ಕೊರೆದು ಒಳಗೆ ಸಂಸಾರ ಹೂಡುತ್ತವೆ. ಗಾಳಿ ಬೀಸಿದಾಗ ಗಿಡವೇ ಸಿಳ್ಳೆ ಹೊಡೆಯುತ್ತದೆ. ಕೊರೆದದ್ದು ಹುಳ, ಊದಿದ್ದು ಗಾಳಿ, ಗಿಡ ಕೊಟ್ಟದ್ದು ಕೊಳವೆ ಮಾತ್ರ. ತೂರ್ಯಾಂಗದ ಏರ್ಪಾಡೂ ಇದೇ ಅಲ್ಲವೇ?

ಗಿಡದ ಒಳಗಿನ ಸ್ಪಂದನವನ್ನು ಯಂತ್ರ ಕಟ್ಟಿ ಅಳೆದವರಲ್ಲಿ ಮೊದಲಿಗರು ಜಗದೀಶಚಂದ್ರ ಬೋಸರು. 1901ರ ಮೇ ತಿಂಗಳಲ್ಲಿ ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಷನ್ನಿನಲ್ಲಿ ಅವರು ಉಪನ್ಯಾಸ ಕೊಟ್ಟರು. 1917ರಲ್ಲಿ ಕಲ್ಕತ್ತೆಯಲ್ಲಿ ತಮ್ಮ ಸಂಶೋಧನ ಸಂಸ್ಥೆ ತೆರೆದರು. ಮುಟ್ಟಿದರೆ ಮುನಿಯ ಗಿಡವೂ, ಚಿಕ್ಕ ಎಲೆಗಳನ್ನು ತಾನಾಗಿ ಏರಿಸಿ ಇಳಿಸುವ ‘ಟೆಲಿಗ್ರಾಫ್ ಗಿಡ’ವೂ ಅವರ ನೆಚ್ಚಿನವು. ಬೋಸರು ಗಿಡದ ಸ್ಪಂದನವನ್ನು ಗೆರೆಯಾಗಿ ಬರೆಸಿದರು, ರಾಗವಾಗಿ ಹಾಡಿಸಲಿಲ್ಲ. ಆ ಸಂಯಮ ಅವರ ನಂತರದವರಿಗೆ ಬರಲಿಲ್ಲ. 1950ರ ದಶಕದಲ್ಲಿ ಅಣ್ಣಾಮಲೈ ವಿಶ್ವವಿದ್ಯಾಲಯದ ಸಸ್ಯಶಾಸ್ತ್ರಜ್ಞ ಟಿ. ಸಿ. ಎನ್. ಸಿಂಗ್ ಅವರು ಗಿಡಗಳಿಗೆ ಕರ್ನಾಟಕ ಸಂಗೀತ ಕೇಳಿಸಿ ಬೆಳವಣಿಗೆ ಹೆಚ್ಚಿತೆಂದು ವರದಿ ಮಾಡಿದರು. 1973ರಲ್ಲಿ ಬಂದ ‘ದ ಸೀಕ್ರೆಟ್ ಲೈಫ್ ಆಫ್ ಪ್ಲಾಂಟ್ಸ್’ ಪುಸ್ತಕ ಇಂಥ ಕಥೆಗಳನ್ನೆಲ್ಲ ಸೇರಿಸಿ ಜಗತ್ತಿಗೆ ಹಂಚಿತು. ಬಿಗಿಯಾದ ಹೋಲಿಕೆಯಿಲ್ಲದ ಈ ಪ್ರಯೋಗಗಳನ್ನು ಸಸ್ಯವಿಜ್ಞಾನ ಒಪ್ಪಿಲ್ಲ. ಆದರೂ ಗಿಡಕ್ಕೆ ವೀಣೆ ಇಷ್ಟ, ಡೋಲು ಕಷ್ಟ ಎಂಬ ಮಾತು ನಮ್ಮ ಭಾಷಣಗಳಲ್ಲಿ ಇವತ್ತಿಗೂ ಚಪ್ಪಾಳೆ ಗಿಟ್ಟಿಸುತ್ತದೆ. 2020ರ ಜೂನ್‌ನಲ್ಲಿ ಬಾರ್ಸಿಲೋನಾದ ಲಿಸೇಯು ಒಪೆರಾ ಮಂದಿರ 2,292 ಗಿಡಗಳನ್ನು ಕುರ್ಚಿಗಳ ಮೇಲೆ ಕೂರಿಸಿ ಪುಚ್ಚೀನಿಯ ಕೃತಿ ನುಡಿಸಿತು. ಅದು ಸೋಂಕಿನ ವರ್ಷದ ಒಂದು ಕಲಾಕೃತಿ, ವಿಜ್ಞಾನವೆಂದು ಅವರೂ ಹೇಳಿಕೊಳ್ಳಲಿಲ್ಲ. ಆಮೇಲೆ ಆ ಕುಂಡಗಳನ್ನು ಆಸ್ಪತ್ರೆಯ ಸಿಬ್ಬಂದಿಗೆ ಹಂಚಿದರು. ನನಗೆ ಅದೇ ಹೆಚ್ಚು ಇಷ್ಟವಾಯಿತು.

ಈಗ ಮಾರುಕಟ್ಟೆಯಲ್ಲಿ ‘ಗಿಡದ ಸಂಗೀತ’ ಕೇಳಿಸುವ ಪೆಟ್ಟಿಗೆಗಳಿವೆ. ಎಲೆಗೆ ಎರಡು ಪಟ್ಟಿ ಅಂಟಿಸಿದರೆ ಮೊಬೈಲಿನಿಂದ ಇಂಪಾದ ನಾದ ಹೊರಡುತ್ತದೆ. ನಡೆಯುವುದಿಷ್ಟೆ: ಎಲೆಯೊಳಗೆ ವಿದ್ಯುತ್ ಹರಿಯುವ ಸಲೀಸು ಕ್ಷಣಕ್ಷಣಕ್ಕೂ ಏರುಪೇರಾಗುತ್ತದೆ, ಆ ಏರುಪೇರನ್ನು ಪೆಟ್ಟಿಗೆ ಅಂಕಿಗಳಾಗಿಸಿ ಸ್ವರಗಳಿಗೆ ಹೊಂದಿಸುತ್ತದೆ. ಯಾವ ಸ್ವರಗಳು, ಯಾವ ವಾದ್ಯದ ದನಿ ಎಂಬುದನ್ನು ಮೊದಲೇ ಆರಿಸಿಟ್ಟಿರುತ್ತಾರೆ. ಮೋಹನದ ಐದು ಸ್ವರ ತುಂಬಿಟ್ಟರೆ ತುಳಸಿಯೂ ಮೋಹನ ಹಾಡುತ್ತದೆ, ಪಾರ್ಥೇನಿಯಂ ಕೂಡ ಮೋಹನವನ್ನೇ ಹಾಡುತ್ತದೆ. ಅಪಸ್ವರ ಬರಲು ಜಾಗವೇ ಇಲ್ಲ. ತಪ್ಪು ಹಾಡಲು ಸಾಧ್ಯವಿಲ್ಲದವರನ್ನು ಗಾಯಕರೆಂದು ಯಾರೂ ಕರೆಯುವುದಿಲ್ಲ. ಕೇಳಿ ಸಂತೋಷಪಡುವವರನ್ನು ನಾನು ಆಕ್ಷೇಪಿಸುವುದಿಲ್ಲ. ರಸೀದಿ ಗಿಡದ ಹೆಸರಿಗೆ ಬೇಡ ಎಂದಷ್ಟೆ ನನ್ನ ತಕರಾರು.

ಹಾಗಾದರೆ ಗಿಡಕ್ಕೆ ತನ್ನದೆನ್ನುವ ಸದ್ದು ಇಲ್ಲವೇ? ಇದೆ. ಬೇರಿನಿಂದ ಎಲೆಗೆ ನೀರು ಏರುವುದು ಕೂದಲಿಗಿಂತ ಸಪೂರವಾದ ನಾಳಗಳಲ್ಲಿ, ಎಲೆಯ ಆವಿಯ ಸೆಳೆತಕ್ಕೆ ಬಿಗಿಯಾಗಿ ಎಳೆದ ಎಳೆಯ ಹಾಗೆ. ನೆಲ ಒಣಗಿದರೆ ಸೆಳೆತ ಮಿತಿಮೀರಿ ನೀರಿನ ಎಳೆ ತುಂಡಾಗುತ್ತದೆ, ಗುಳ್ಳೆ ಒಡೆಯುತ್ತದೆ, ಟಿಕ್ ಎಂದು ಸದ್ದಾಗುತ್ತದೆ. ಟೆಲ್ ಅವೀವ್ ವಿಶ್ವವಿದ್ಯಾಲಯದ ಲೀಲಖ್ ಹದಾನಿ ಮತ್ತು ಸಂಗಡಿಗರು ಈ ಸದ್ದನ್ನು ಗಿಡ ಮುಟ್ಟದೆ, ಗಾಳಿಯಲ್ಲೇ ಹಿಡಿದು 2023ರಲ್ಲಿ ಪ್ರಕಟಿಸಿದರು. ಟೊಮ್ಯಾಟೊ, ತಂಬಾಕು ಗಿಡಗಳು ನೀರಿಲ್ಲದಾಗ ಗಂಟೆಗೆ 30ರಿಂದ 50 ಬಾರಿ ಟಿಕ್ಕೆನ್ನುತ್ತವೆ. ನೀರುಂಡ ಗಿಡ ಗಂಟೆಗೆ ಒಂದಕ್ಕಿಂತ ಕಡಿಮೆ. ಸದ್ದು 40ರಿಂದ 80 ಕಿಲೋಹರ್ಟ್ಸ್‌ನದು. ನಮ್ಮ ಕಿವಿ 20ಕ್ಕೇ ನಿಲ್ಲುತ್ತದೆ. ಬಾವಲಿಗೆ, ಇಲಿಗೆ, ಪತಂಗಕ್ಕೆ ಕೇಳುತ್ತದೆ. ಎಲೆ ಬಾಡಿದ್ದು ಕಣ್ಣಿಗೆ ಕಾಣುವ ಮುಂಚೆಯೇ ಟಿಕ್ಕುಗಳು ಏರಿರುತ್ತವೆ. ಮೆಕ್ಕೆಜೋಳ, ಗೋಧಿ, ದ್ರಾಕ್ಷಿಯಲ್ಲೂ ಇದು ಸಿಕ್ಕಿದೆ. ಮೊಟ್ಟೆಯಿಡಲು ಬಂದ ಹೆಣ್ಣು ಪತಂಗಗಳು ಇಂಥ ಸದ್ದಿನ ಗಿಡವನ್ನು ಬಿಟ್ಟು ಮುಂದೆ ಹೋಗುತ್ತವೆ ಎಂದು ಅದೇ ವಿಶ್ವವಿದ್ಯಾಲಯದವರು 2025ರಲ್ಲಿ ತೋರಿಸಿದರು. ನಾವು ಗಿಡದ ಹಾಡಿಗೆ ಕಾಯುತ್ತಿದ್ದೆವು, ಅದು ಬಾಯಾರಿಕೆಯ ಸುದ್ದಿ ಹೇಳುತ್ತಿತ್ತು.

ಈ ಟಿಕ್ಕನ್ನು ಮೊದಲು ಕೇಳಿಸಿಕೊಂಡದ್ದು ಇದಕ್ಕೂ ಬಹಳ ಹಿಂದೆ, 1966ರಲ್ಲಿ. ಮಿಲ್‌ಬರ್ನ್ ಮತ್ತು ಜಾನ್ಸನ್ ಎಂಬ ಇಬ್ಬರು ಎಲೆಯ ತೊಟ್ಟಿನ ಕಂಪನವನ್ನು ಹಿಡಿದು, ಹಿಗ್ಗಿಸಿ ಕೇಳಿದರು. ಅವರು ಆರಿಸಿಕೊಂಡ ಗಿಡ ಯಾವುದೆಂದು ನೋಡಿದಾಗ ನನಗೆ ನಗು ಬಂತು. ಹರಳು ಗಿಡ. ಉತ್ತರ ಕರ್ನಾಟಕದವರ ಔಡಲ.

ಕರೆಂಟು ಬರುವ ಮುಂಚೆ ನಮ್ಮ ಎಷ್ಟೋ ಮನೆಗಳ ಬೆಳಕು ಈ ಗಿಡದ್ದೇ. ಹರಳನ್ನು ಬಿಸಿಲಿಗೆ ಹಾಕಿ ಸಿಪ್ಪೆ ಬಿಡಿಸಿ, ಬಾಣಲೆಯಲ್ಲಿ ಹದವಾಗಿ ಹುರಿದು, ಒರಳಲ್ಲಿ ಕುಟ್ಟಿ, ನೀರು ಬೆರೆಸಿ ದೊಡ್ಡ ಪಾತ್ರೆಯಲ್ಲಿ ಕುದಿಸುತ್ತಿದ್ದರು. ಮೊದಲು ನೊರೆ, ಆಮೇಲೆ ಮೇಲಕ್ಕೆ ತೇಲುವ ಎಣ್ಣೆ. ಅದನ್ನು ಸೌಟಿನಲ್ಲಿ ಬಳಿದು ಬೇರೆ ಪಾತ್ರೆಗೆ ಹಾಕಿ ನೀರಿನ ಪಸೆ ಆರುವವರೆಗೆ ಮತ್ತೆ ಕಾಯಿಸುವುದು. ಚಟಪಟ ನಿಂತರೆ ಎಣ್ಣೆ ಆಯಿತೆಂದು ಗುರುತು. ಆ ಘಾಟು ಬೀದಿಯ ತುದಿಯವರೆಗೆ ಹೋಗುತ್ತಿತ್ತು. ಹರಳೆಣ್ಣೆಯ ಹಣತೆ ನಿಧಾನವಾಗಿ ಉರಿಯುತ್ತದೆ. ದೀಪ ಕೊಟ್ಟ ಗಿಡವೂ ಅದೇ, ಮನುಷ್ಯನಿಗೆ ಮೊದಲು ತನ್ನ ಸದ್ದು ಕೇಳಿಸಿದ ಗಿಡವೂ ಅದೇ. ಬೆಳಗುವ, ನುಡಿಯುವ ಗಿಡವನ್ನು ತೋರಿಸಿ ಎಂದು ಯಾರಾದರೂ ನನ್ನನ್ನು ಕೇಳಿದರೆ 29 ಡಾಲರಿನ ಪೆಟೂನಿಯಾಕ್ಕಿಂತ ಮೊದಲು ಇದನ್ನೇ ತೋರಿಸುತ್ತೇನೆ. ಒಂದಕ್ಕೆ ಕುಟ್ಟುವ ಕೈ ಬೇಕು, ಇನ್ನೊಂದಕ್ಕೆ ಕೇಳುವ ಉಪಕರಣ ಬೇಕು. ಭೋಗಭೂಮಿ ಮುಗಿದ ಮೇಲಿನ ಕಲ್ಪವೃಕ್ಷ ಹೀಗೆಯೇ ಇರುತ್ತದೆ.

ಸಭೆಯಲ್ಲಿ ಕಾಲೇಜಿನ ಸಸ್ಯಶಾಸ್ತ್ರ, ಭೌತಶಾಸ್ತ್ರದ ಅಧ್ಯಾಪಕರು ಇದ್ದೀರಿ. ಒಂದು ವಿನಂತಿ. ಬಾವಲಿಯ ಕೂಗನ್ನು ನಮ್ಮ ಕಿವಿಗೆ ಇಳಿಸಿ ಕೇಳಿಸುವ ಉಪಕರಣ ಬಾವಲಿ ಅಧ್ಯಯನ ಮಾಡುವವರ ಬಳಿ ಇರುತ್ತದೆ. ಅದು ಹಿಡಿಯುವುದೂ ಇದೇ ಶ್ರೇಣಿಯ ಸದ್ದನ್ನು. ಎರಡು ಕುಂಡದಲ್ಲಿ ಟೊಮ್ಯಾಟೊ, ಎರಡರಲ್ಲಿ ಹರಳು ಬೆಳೆಸಿ. ಒಂದೊಂದಕ್ಕೆ ನೀರು ನಿಲ್ಲಿಸಿ, ಇನ್ನೊಂದೊಂದಕ್ಕೆ ಹಾಕುತ್ತಿರಿ. ಸದ್ದಿಲ್ಲದ ಕೋಣೆಯಲ್ಲಿ ಗಿಡದಿಂದ ಗೇಣು ದೂರದಲ್ಲಿ ಮೈಕ್ ಇಟ್ಟು ಗಂಟೆಗೆ ಎಷ್ಟು ಟಿಕ್ಕು ಎಂದು ವಿದ್ಯಾರ್ಥಿಗಳಿಂದ ಬರೆಸಿ. ಹಾವೇರಿಯ ಮೆಕ್ಕೆಜೋಳದವನಿಗೆ, ವಿಜಯಪುರದ ದ್ರಾಕ್ಷಿಯವನಿಗೆ ನೀರು ಯಾವಾಗ ಬಿಡಬೇಕೆಂದು ಗಿಡವೇ ಹೇಳುವ ದಿನಕ್ಕೆ ಇಂಥ ಎಣಿಕೆಗಳೇ ಬುನಾದಿ. ಬಂದದ್ದನ್ನು, ಏನೂ ಬಾರದಿದ್ದರೆ ಅದನ್ನೂ, ಕನ್ನಡದಲ್ಲಿ ಬರೆಯಿರಿ. ಬಿ. ಜಿ. ಎಲ್. ಸ್ವಾಮಿ ಅವರು ಗಿಡಗಳನ್ನು ಕುರಿತೇ ಬರೆದ ‘ಹಸಿರು ಹೊನ್ನು’ 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆಯಿತು. ಓದುಗರು ಇಲ್ಲವೆಂಬ ನೆಪ ನಮಗಿಲ್ಲ. ಉಪಕರಣಕ್ಕೆ ಹಣ ಹೊಂದಿಸುವುದು ಕಷ್ಟವಾದರೆ ಈ ದತ್ತಿಯವರನ್ನೇ ಕೇಳೋಣ, ಮುಂದಿನ ಸಾಲಿನಲ್ಲೇ ಕೂತಿದ್ದಾರೆ. ಹರಳು ಬೀಜಕ್ಕಂತೂ ದುಡ್ಡು ಬೇಡ, ಬೇಲಿಯಲ್ಲಿ ಬೇಕಾದಷ್ಟು ಸಿಗುತ್ತದೆ.